ಚಾರಣದ ಪದಗಳು: ಬೇಸ್ ವೇಟ್‌ನಿಂದ ಬೇರಿಂಗ್‌ವರೆಗೆ, ಯಾವ ಅಂಕಿಯನ್ನು ಎಷ್ಟು ನಂಬಬೇಕು?

ಕಾಲ್ದಾರಿ

ಎಲ್ಲರಿಗೂ ನಮಸ್ಕಾರ. ರಾತ್ರಿ ಹೊರಗೇ ತಂಗುವ ಚಾರಣಕ್ಕೆ ಸಾಮಾನು ಹೊಂದಿಸಲು ಕೂತರೆ ಅಂಕಿಗಳ ರಾಶಿಯೇ ಎದುರಾಗುತ್ತೆ. ಬೇಸ್ ವೇಟ್ ಇಷ್ಟು ಕೆ.ಜಿ., ಸ್ಲೀಪಿಂಗ್ ಬ್ಯಾಗ್ ಕಂಫರ್ಟ್ 0, ಲಿಮಿಟ್ -6, ಮ್ಯಾಟ್ ಆರ್-ವ್ಯಾಲ್ಯೂ 3.2, ಜಾಕೆಟ್ 10,000 ಮಿ.ಮೀ. ಅರ್ಥ ಹುಡುಕಿದರೆ ಒಂದು ಸಾಲಿನ ವಿವರಣೆ ಎಲ್ಲ ಕಡೆ ಸಿಗುತ್ತೆ. ಆದರೆ ಅದನ್ನು ಹೇಗೆ ಅಳೆದರು, ಬೆಟ್ಟದ ಮೇಲೆ ಎಲ್ಲಿ ಕೈಕೊಡುತ್ತೆ ಅನ್ನೋದು ಸಿಗಲ್ಲ. ಗೊತ್ತಿರುವವರು ಒಂದೊಂದೇ ಬಿಡಿಸಿ ಹೇಳ್ತೀರಾ? ಪ್ರವಾಸ ಕಥನ ಬೇಡ, ಲೆಕ್ಕ ಮತ್ತು ಕಾರಣ ಇದ್ದರೆ ಸಾಕು. ಮೊದಲು ಬೇಸ್ ವೇಟ್ ಬಗ್ಗೆ ಹೇಳಿ. ಮೂರು ಕಡೆ ಮೂರು ಥರ ಓದಿದ್ದೇನೆ.

ಹೆಗಲಭಾರ

ಚೀಲ ಮತ್ತು ಅದರೊಳಗಿನ ಎಲ್ಲ ಸಾಮಾನಿನ ತೂಕದಿಂದ ತಿಂದು, ಕುಡಿದು, ಉರಿಸಿ ಖಾಲಿಯಾಗುವುದನ್ನು ಕಳೆದರೆ ಉಳಿಯುವುದೇ ಬೇಸ್ ವೇಟ್. ಊಟ, ನೀರು, ಇಂಧನ ಇದರಲ್ಲಿ ಬರಲ್ಲ. ಗ್ಯಾಸ್ ಕ್ಯಾನಿಸ್ಟರಿನ ಒಳಗಿನ ಗ್ಯಾಸ್ ಲೆಕ್ಕಕ್ಕಿಲ್ಲ, ತಗಡಿನ ಡಬ್ಬ ಲೆಕ್ಕಕ್ಕಿದೆ. ನೀರಿನ ಬಾಟಲಿಯೂ ಹಾಗೇ.

ಊಟ ನೀರನ್ನು ಬಿಡೋದು ಯಾಕೆಂದರೆ ಅವು ದಿನಗಳ ಲೆಕ್ಕದಲ್ಲಿ ಏರಿಳಿಯುತ್ತವೆ. ಎರಡು ದಿನದ ಚಾರಣವನ್ನೂ ಆರು ದಿನದ್ದನ್ನೂ ಹೋಲಿಸಬೇಕಾದರೆ ಬದಲಾಗದ ಭಾಗ ಒಂದು ಬೇಕಲ್ಲ, ಅದು ಇದು. ರೂಢಿಯಲ್ಲಿರುವ ಗೆರೆ: 9 ಕೆ.ಜಿ.ಗಿಂತ ಕಡಿಮೆ ಇದ್ದರೆ ಲೈಟ್‌ವೇಟ್, 4.5 ಕೆ.ಜಿ.ಗಿಂತ ಕಡಿಮೆ ಇದ್ದರೆ ಅಲ್ಟ್ರಾಲೈಟ್. ಮೂಲತಃ ಇವು 20 ಪೌಂಡ್, 10 ಪೌಂಡ್ ಅನ್ನೋ ದುಂಡು ಸಂಖ್ಯೆಗಳು ಅಷ್ಟೇ, ಯಾವ ಶರೀರಶಾಸ್ತ್ರವೂ ಇದರ ಹಿಂದಿಲ್ಲ.

ಮೋಸ ಹೋಗೋದು ಇಲ್ಲಿ: ಜಾಕೆಟ್ಟು, ಮೊಬೈಲು, ಕತ್ತಿಯನ್ನು ಚೀಲದಿಂದ ತೆಗೆದು ಜೇಬಿಗೆ ಹಾಕಿದರೆ ಕಾಗದದ ಮೇಲೆ ಬೇಸ್ ವೇಟ್ ಇಳಿಯುತ್ತೆ, ಮೊಣಕಾಲಿಗೆ ಇಳಿಯಲ್ಲ. ಆದ್ದರಿಂದ ಮೈಮೇಲಿನ ಬಟ್ಟೆ, ಶೂ, ಕೈಯ ಕೋಲು ಎಲ್ಲ ಸೇರಿಸಿದ "ಸ್ಕಿನ್ ಔಟ್" ತೂಕವನ್ನೂ ಪಕ್ಕದಲ್ಲೇ ಬರೆದಿಡಿ. ನಾಲ್ಕು ದಿನಕ್ಕೆ ಮಾದರಿ ಲೆಕ್ಕ: ಬೇಸ್ 7.5 ಕೆ.ಜಿ., ಊಟ ದಿನಕ್ಕೆ 650 ಗ್ರಾಂನಂತೆ 2.6, ನೀರು 2 ಲೀಟರ್ ಅಂದರೆ 2, ಗ್ಯಾಸ್ 0.1. ಹೊರಡುವ ದಿನ ಬೆನ್ನ ಮೇಲೆ 12.2 ಕೆ.ಜಿ.

ಇಳಿಸಲು ಶುರು ಮಾಡೋದಾದರೆ ಟೆಂಟ್, ಮಲಗುವ ಸಾಮಾನು, ಚೀಲ, ಈ ಮೂರರಿಂದಲೇ. ಹಲ್ಲುಜ್ಜುವ ಬ್ರಷ್ಷಿನ ಹಿಡಿ ಕತ್ತರಿಸಿದರೆ ನಾಲ್ಕೈದು ಗ್ರಾಂ ಉಳಿಯಬಹುದು, ಟೆಂಟ್ ಬದಲಾಯಿಸಿದರೆ ಒಂದು ಕೆ.ಜಿ.ಯೇ ಹೋಗಬಹುದು. ಚೀಲವನ್ನು ಮಾತ್ರ ಕೊನೆಗೆ ಕೊಳ್ಳಿ. ಉಳಿದದ್ದೆಲ್ಲ ಎಷ್ಟು ಜಾಗ, ಎಷ್ಟು ತೂಕ ಅಂತ ಗೊತ್ತಾದ ಮೇಲೇ ಎಷ್ಟು ಲೀಟರಿನ ಚೀಲ, ಒಳಗೆ ಫ್ರೇಮ್ ಬೇಕೋ ಬೇಡವೋ ಅನ್ನೋದು ತೀರ್ಮಾನವಾಗುತ್ತೆ. ಫ್ರೇಮ್ ಇಲ್ಲದ ಹಗುರ ಚೀಲಕ್ಕೆ 12 ಕೆ.ಜಿ. ತುಂಬಿದರೆ ಬೆನ್ನಿನ ಭಾಗ ಮಡಚಿಕೊಂಡು ಭಾರವೆಲ್ಲ ಹೆಗಲಿಗೇ ಬೀಳುತ್ತೆ.

ಇನ್ನೊಂದು. ಟೆಂಟಿನ ಲೇಬಲ್ ಮೇಲೆ ಎರಡು ತೂಕ ಇರುತ್ತೆ. "ಮಿನಿಮಮ್" ಅಥವಾ "ಟ್ರೇಲ್" ಅಂದರೆ ಒಳಗುಡಾರ, ಮೇಲ್ಹೊದಿಕೆ, ಕಂಬ ಇಷ್ಟೇ. "ಪ್ಯಾಕ್ಡ್" ಅಂದರೆ ಗೂಟ, ಹಗ್ಗ, ಚೀಲ ಎಲ್ಲ ಸೇರಿ. ಗೂಟ ಬಿಟ್ಟು ಯಾರೂ ಟೆಂಟ್ ಹಾಕಲ್ಲ, ಎರಡನೆಯದನ್ನೇ ಹಿಡಿಯಿರಿ.

ಮಂಜುಹನಿ

ಮಲಗುವ ವಿಷಯ ನಾನು ಬರೀತೇನೆ, ಎಲ್ಲಕ್ಕಿಂತ ಹೆಚ್ಚು ಗೊಂದಲ ಇರೋದು ಅಲ್ಲೇ.

ಸ್ಲೀಪಿಂಗ್ ಬ್ಯಾಗ್ ಮೇಲಿನ ಕಂಫರ್ಟ್, ಲಿಮಿಟ್, ಎಕ್ಸ್‌ಟ್ರೀಮ್ ಅನ್ನೋವು ಮೊದಲು ಇಎನ್ 13537, ಈಗ ಐಎಸ್‌ಒ 23537 ಮಾನದಂಡದಿಂದ ಬಂದವು. ಸೆನ್ಸರ್ ಜೋಡಿಸಿ ಬಿಸಿ ಮಾಡಿದ ಗೊಂಬೆಯನ್ನು ಬ್ಯಾಗಿನೊಳಗೆ ಮಲಗಿಸಿ, ತಣ್ಣನೆಯ ಕೋಣೆಯಲ್ಲಿ ಶಾಖ ಎಷ್ಟು ಸೋರುತ್ತೆ ಅಂತ ಅಳೆಯುತ್ತಾರೆ. ಮಾದರಿ ಮಹಿಳೆಯೊಬ್ಬಳು ಮೈ ಸಡಿಲ ಬಿಟ್ಟು ಚಳಿಯಾಗದೆ ಮಲಗಬಹುದಾದ ತಾಪಮಾನ ಕಂಫರ್ಟ್. ಮಾದರಿ ಪುರುಷ ಮುದುಡಿಕೊಂಡು, ನಡುಗದೆ ಹೇಗೋ ರಾತ್ರಿ ಕಳೆಯಬಹುದಾದದ್ದು ಲಿಮಿಟ್. ಎಕ್ಸ್‌ಟ್ರೀಮ್ ಅಂದರೆ ಜೀವ ಉಳಿಯಬಹುದು ಅನ್ನೋ ಅಂಚು. ಹಿಮಗಡಿತದ ಅಪಾಯ ಆಗಲೂ ಇದ್ದೇ ಇರುತ್ತೆ. ಎಕ್ಸ್‌ಟ್ರೀಮ್ ನೋಡಿ ಬ್ಯಾಗ್ ಕೊಳ್ಳಲೇಬೇಡಿ.

ಬ್ಯಾಗಿನ ಹೆಸರಲ್ಲೇ ಬರುವ ಅಂಕಿ ಹೆಚ್ಚಿನ ಸಲ ಲಿಮಿಟ್ಟಿನದು. ಹೋಗುವ ಜಾಗದ ರಾತ್ರಿಯ ಕನಿಷ್ಠ ತಾಪಮಾನ 0 ಅಂತಿದ್ದರೆ ಕಂಫರ್ಟ್ -4 ಅಥವಾ -5 ಇರೋದನ್ನು ತಗೊಳ್ಳಿ. ದಣಿವು, ಹಸಿವು, ತೇವ ಇವ್ಯಾವುವೂ ಗೊಂಬೆಗೆ ಇಲ್ಲ, ಅದನ್ನು ಸರಿದೂಗಿಸಲು ಈ ನಾಲ್ಕೈದು ಡಿಗ್ರಿ.

ಇನ್ನು ಬಹಳ ಜನ ಗಮನಿಸದ ವಿಷಯ: ಆ ಗೊಂಬೆ ಒಳಉಡುಪು ಹಾಕ್ಕೊಂಡು, ಶಾಖ ತಡೆಯುವ ಮ್ಯಾಟ್ ಮೇಲೆ ಮಲಗಿರುತ್ತೆ. ನಮ್ಮ ಭಾರಕ್ಕೆ ಬ್ಯಾಗಿನ ಅಡಿಭಾಗ ಅಪ್ಪಚ್ಚಿಯಾಗಿ ಅಲ್ಲಿ ಗಾಳಿಯೇ ಉಳಿದಿರಲ್ಲ, ಅಡಿಯಿಂದ ಬರುವ ಚಳಿಯನ್ನು ತಡೆಯೋದು ಮ್ಯಾಟ್ ಒಂದೇ. ಮ್ಯಾಟ್ ಕಳಪೆಯಾದರೆ -10ರ ಬ್ಯಾಗೂ 0ಯಲ್ಲಿ ನಡುಗಿಸುತ್ತೆ.

ಮ್ಯಾಟಿನ ಆ ಗುಣಕ್ಕೆ ಆರ್-ವ್ಯಾಲ್ಯೂ ಅಂತಾರೆ, ಅಂದರೆ ಶಾಖ ಹರಿಯುವುದಕ್ಕೆ ಅದು ಒಡ್ಡುವ ತಡೆ. 2018ರಲ್ಲಿ ಎಎಸ್‌ಟಿಎಂ ಎಫ್3340 ಮಾನದಂಡ ಬರುವ ತನಕ ಒಬ್ಬೊಬ್ಬ ತಯಾರಕರು ಒಂದೊಂದು ರೀತಿ ಅಳೆಯುತ್ತಿದ್ದರು. ಹಾಗಾಗಿ ಹಳೇ ಮ್ಯಾಟಿನ ಅಂಕಿಯನ್ನು ಹೊಸದರ ಜೊತೆ ಹೋಲಿಸಬೇಡಿ. ಬೆಚ್ಚಗಿನ ಕಾಲಕ್ಕೆ 1ರಿಂದ 2, ಚಳಿ ಬೀಳುವ ರಾತ್ರಿಗಳಿಗೆ 3ರಿಂದ 4, ಹಿಮದ ಮೇಲೆ 5 ದಾಟಿರಬೇಕು. ಇದರ ಅನುಕೂಲ ಅಂದರೆ ಸುಮ್ಮನೆ ಕೂಡಿಸಬಹುದು: 2ರ ಫೋಮ್ ಮ್ಯಾಟ್ ಮೇಲೆ 3.2ರ ಗಾಳಿ ಮ್ಯಾಟ್ ಹಾಕಿದರೆ 5.2. ಫೋಮ್ ಕೆಳಗಿರಲಿ. ಮುಳ್ಳು ಚುಚ್ಚಿದರೂ ಗಾಳಿ ಮ್ಯಾಟ್ ಉಳಿಯುತ್ತೆ, ಅದು ಪಂಕ್ಚರ್ ಆದರೂ ಅಡಿಗೆ 2 ಇದ್ದೇ ಇರುತ್ತೆ.

ಕಾಲ್ದಾರಿ

ತುಂಬ ಉಪಕಾರ ಆಯ್ತು. ಎರಡು ಪ್ರಶ್ನೆ. 800 ಫಿಲ್ ಪವರ್ ಬ್ಯಾಗು 600ಕ್ಕಿಂತ ಬೆಚ್ಚಗಿರುತ್ತೆ ಅಲ್ವಾ? ಬ್ಯಾಗಿನೊಳಗೆ ಬಟ್ಟೆ ಕಡಿಮೆ ಹಾಕ್ಕೊಂಡಷ್ಟೂ ಬೆಚ್ಚಗಿರುತ್ತೆ ಅಂತಾರಲ್ಲ, ಅದು ನಿಜಾನಾ?

ಮಂಜುಹನಿ

ಎರಡೂ ಸರಿಯಲ್ಲ.

ಒಂದು ಔನ್ಸ್ ಪುಕ್ಕ ಎಷ್ಟು ಘನ ಇಂಚು ಜಾಗಕ್ಕೆ ಅರಳಿಕೊಳ್ಳುತ್ತೆ ಅನ್ನೋದೇ ಫಿಲ್ ಪವರ್. ಅದು ಪುಕ್ಕದ ಗುಣಮಟ್ಟ, ಬ್ಯಾಗಿನ ಬಿಸಿ ಅಲ್ಲ. ಒಳಗೆ ಎಷ್ಟು ಪುಕ್ಕ ತುಂಬಿದ್ದಾರೆ ಅಂತಲೂ ಬೇಕು. 800ರ ಪುಕ್ಕ 300 ಗ್ರಾಂ ಅಂದರೆ 10.6 ಔನ್ಸ್, ಗುಣಿಸಿದರೆ ಸುಮಾರು 8,500 ಘನ ಇಂಚು. 600ರ ಪುಕ್ಕ 500 ಗ್ರಾಂ ಅಂದರೆ 17.6 ಔನ್ಸ್, ಸುಮಾರು 10,600. ಬ್ಯಾಗಿನ ಅಳತೆ, ಹೊಲಿಗೆ ಒಂದೇ ಆಗಿದ್ದರೆ ಎರಡನೆಯದೇ ಬೆಚ್ಚಗೆ, 200 ಗ್ರಾಂ ಭಾರ ಜಾಸ್ತಿ ಅಷ್ಟೇ. ಫಿಲ್ ವೇಟ್ ಹೇಳದೆ ಬರೀ ಫಿಲ್ ಪವರ್ ಹೇಳುವ ಜಾಹೀರಾತಿನಿಂದ ಏನೂ ತಿಳಿಯಲ್ಲ. ಪುಕ್ಕ ನೆನೆದರೆ ಮುದ್ದೆಯಾಗುತ್ತೆ, ಆಗ ಎರಡೂ ಒಂದೇ. ಸಿಂಥೆಟಿಕ್ ಭಾರ, ಜಾಗವೂ ಹೆಚ್ಚು ಬೇಕು, ಆದರೆ ಒದ್ದೆಯಾದರೂ ಸ್ವಲ್ಪ ಬಿಸಿ ಹಿಡಿದಿಡುತ್ತೆ. ಮನೆಯಲ್ಲಿ ಬ್ಯಾಗನ್ನು ಸಣ್ಣ ಚೀಲಕ್ಕೆ ತುರುಕಿ ಇಡಬೇಡಿ, ತಿಂಗಳುಗಟ್ಟಲೆ ಅದುಮಿಟ್ಟರೆ ಪುಕ್ಕ ಮೊದಲಿನಷ್ಟು ಅರಳಲ್ಲ.

ಬಟ್ಟೆಯ ವಿಷಯ: ಒಣಗಿದ ಬಟ್ಟೆ ಎಷ್ಟು ಹಾಕಿದರೂ ಬಿಸಿ ಹೆಚ್ಚುತ್ತೆ, ಆದರೆ ಬ್ಯಾಗನ್ನು ಒಳಗಿಂದ ಬಿಗಿಯಾಗಿ ಒತ್ತುವಷ್ಟು ದಪ್ಪ ಆಗಬಾರದು, ಅಷ್ಟೇ. ಬೆವರಿದ ಬಟ್ಟೆಯಲ್ಲಿ ಮಲಗಬೇಡಿ. ಆ ತೇವ ಆರುವುದಕ್ಕೆ ನಿಮ್ಮ ಮೈಯ ಶಾಖವೇ ಬೇಕು. ಮಲಗುವಾಗ ಹಾಕೋ ಒಂದು ಜೊತೆ ಒಳಉಡುಪು ಮತ್ತು ಸಾಕ್ಸನ್ನು ನೀರು ನುಗ್ಗದ ಚೀಲದಲ್ಲಿ ಪ್ರತ್ಯೇಕ ಇಡಿ. ಚಳಿಯಾಗುತ್ತೆ ಅಂತ ಮೂಗನ್ನು ಬ್ಯಾಗಿನೊಳಗೆ ಎಳ್ಕೊಳ್ಳಬೇಡಿ, ಉಸಿರಿನ ತೇವ ಪುಕ್ಕದಲ್ಲೇ ಕೂರುತ್ತೆ. ಬದಲಿಗೆ ಟೋಪಿ ಹಾಕಿ, ಭುಜದ ಹತ್ತಿರದ ದಾರ ಎಳೆದು ಬಿಗಿ ಮಾಡಿ.

ಎರಡನೇ ಪದರ

ಜಾಕೆಟ್ ಬಗ್ಗೆ. 10,000 ಮಿ.ಮೀ. ಅಂದರೆ ಹೈಡ್ರೋಸ್ಟಾಟಿಕ್ ಹೆಡ್. ಬಟ್ಟೆಯ ಮೇಲೆ ಅಷ್ಟು ಎತ್ತರದ ನೀರಿನ ಕಂಬ ನಿಲ್ಲಿಸಿದಷ್ಟು ಒತ್ತಡ ಬಿದ್ದ ಮೇಲೆ ನೀರು ಒಳಕ್ಕೆ ಜಿನುಗಿತು ಅಂತ. ಮಳೆಹನಿಗೆ ಅಷ್ಟೊಂದು ಒತ್ತಡ ಇಲ್ಲ. ಒತ್ತಡ ಬೀಳೋದು ಚೀಲದ ಪಟ್ಟಿ ಒತ್ತುವ ಭುಜದ ಮೇಲೆ, ಟೆಂಟಿನ ನೆಲಕ್ಕೆ ಮೊಣಕಾಲೂರಿದ ಕಡೆ. ಅದಕ್ಕೇ ಟೆಂಟಿನ ಮೇಲ್ಹೊದಿಕೆಗೆ 1,200ರಿಂದ 3,000 ಇದ್ದರೂ ನಡೆಯುತ್ತೆ, ನೆಲಕ್ಕೆ ಅದಕ್ಕಿಂತ ಹೆಚ್ಚು ಇದ್ದರೆ ಒಳ್ಳೇದು.

ಪಕ್ಕದಲ್ಲೇ ಇರುವ ಇನ್ನೊಂದು ಅಂಕಿ, ಚದರ ಮೀಟರಿಗೆ 24 ಗಂಟೆಯಲ್ಲಿ ಇಷ್ಟು ಗ್ರಾಂ ಆವಿ ಹೊರಹೋಗುತ್ತೆ ಅನ್ನೋದು. ಇದನ್ನು ಅಳೆಯುವ ವಿಧಾನಗಳೇ ಹಲವು, ವಿಧಾನ ಬದಲಾದರೆ ಅಂಕಿಯೂ ಬದಲಾಗುತ್ತೆ. ಇಬ್ಬರು ತಯಾರಕರ ಅಂಕಿಗಳನ್ನು ಎದುರುಬದುರು ಇಟ್ಟು ತೀರ್ಮಾನ ಮಾಡಬೇಡಿ. ಕಂಕುಳ ಜಿಪ್ ಇದೆಯಾ ನೋಡಿ, ಏರುದಾರಿಯಲ್ಲಿ ಆ ಜಿಪ್ಪಿನಷ್ಟು ಆವಿ ಹೊರಹಾಕುವ ಬಟ್ಟೆ ಇನ್ನೂ ಬಂದಿಲ್ಲ.

"ಜಾಕೆಟ್ ಸೋರ್ತಾ ಇದೆ" ಅನ್ನೋ ದೂರುಗಳಲ್ಲಿ ಬಹಳಷ್ಟು ನಿಜವಾಗಿ ಸೋರಿಕೆಯೇ ಅಲ್ಲ. ಹೊರಮೈ ಮೇಲೆ ಡಿಡಬ್ಲ್ಯೂಆರ್ ಅನ್ನೋ ಲೇಪ ಇರುತ್ತೆ, ಅದರಿಂದಲೇ ನೀರು ಮುತ್ತಾಗಿ ಉರುಳೋದು. ಕೊಳೆ, ಬೆವರು, ಚೀಲದ ಪಟ್ಟಿಯ ಉಜ್ಜಾಟದಿಂದ ಲೇಪ ಕುಂದಿದಾಗ ಹೊರಬಟ್ಟೆ ನೀರು ಹೀರಿ ಕಪ್ಪಗಾಗುತ್ತೆ. ಒಳಗಿನ ಪದರ ಆಗಲೂ ನೀರು ಬಿಡಲ್ಲ. ಆದರೆ ಹೊರಗೆ ನೀರಿನ ಹಾಳೆ ಕೂತಿರೋದರಿಂದ ಆವಿ ಹೊರಹೋಗದೆ ಒಳಗೇ ನೀರಾಗುತ್ತೆ, ಒದ್ದೆಯಾಗೋದು ನಿಮ್ಮ ಬೆವರಿನಿಂದಲೇ. ಮಾಡಬೇಕಾದ್ದು: ಜಿಪ್ಪುಗಳನ್ನೆಲ್ಲ ಮುಚ್ಚಿ, ಇಂಥ ಬಟ್ಟೆಗೆಂದೇ ಇರುವ ದ್ರವ ಸೋಪಿನಲ್ಲಿ ಒಗೆದು, ಎರಡು ಸಲ ಜಾಲಿಸಿ. ಫ್ಯಾಬ್ರಿಕ್ ಸಾಫ್ಟ್‌ನರ್ ಹಾಕಲೇಬಾರದು. ಲೇಬಲ್ ಒಪ್ಪಿದರೆ ಡ್ರೈಯರಿನಲ್ಲಿ ಕಡಿಮೆ ಶಾಖಕ್ಕೆ 20 ನಿಮಿಷ, ಇಲ್ಲವೇ ಬಟ್ಟೆ ಅಡ್ಡ ಇಟ್ಟು ಹಗುರ ಇಸ್ತ್ರಿ. ಶಾಖ ತಾಗಿದರೆ ಉಳಿದಿರುವ ಲೇಪ ಮತ್ತೆ ಚುರುಕಾಗುತ್ತೆ. ಆಮೇಲೂ ಹನಿ ಉರುಳದಿದ್ದರೆ ಮಾತ್ರ ಹೊಸ ಲೇಪ ಸಿಂಪಡಿಸಿ.

ಪದರಗಳ ಕ್ರಮ ಎಲ್ಲರಿಗೂ ಗೊತ್ತಿರೋದೇ. ಮೈಗೆ ತಾಗುವ ಬೇಸ್ ಲೇಯರ್ ಬೆವರನ್ನು ಮೈಯಿಂದ ಎಳೆಯಬೇಕು, ನಡುವಿನದು ಗಾಳಿ ಹಿಡಿಯಬೇಕು, ಹೊರಗಿನ ಶೆಲ್ ಗಾಳಿ ಮಳೆ ತಡೆಯಬೇಕು. ಹತ್ತಿ ಬಟ್ಟೆ ನೀರು ಹೀರಿ ಬೇಗ ಆರದೇ ಇರೋದರಿಂದ ಚಳಿ ಮಳೆಯಲ್ಲಿ ಬೇಡ. ಹೊರಡುವಾಗ ಸ್ವಲ್ಪ ಚಳಿ ಅನ್ನಿಸುವಷ್ಟೇ ಹಾಕಿ, ಹತ್ತು ನಿಮಿಷ ಏರಿದರೆ ಸರಿಹೋಗುತ್ತೆ. ನಿಂತ ಕೂಡಲೇ, ಚಳಿ ಶುರುವಾಗುವ ಮೊದಲೇ, ಬೆಚ್ಚನೆಯದನ್ನು ಹಾಕ್ಕೊಳ್ಳಿ.

ಹೆಗಲಭಾರ

ಟೆಂಟ್ ಮಾತು ಬಂದಿದ್ದಕ್ಕೆ ಎರಡು ಸಾಲು. ಡಬಲ್ ವಾಲ್ ಅಂದರೆ ಒಳಗೆ ಜಾಲರಿ ಗುಡಾರ, ಹೊರಗೆ ಮಳೆಹೊದಿಕೆ. ನಿಮ್ಮ ಉಸಿರಿನ ತೇವ ಹೊರಹೊದಿಕೆಯ ಒಳಮೈ ಮೇಲೆ ಹನಿಯಾದರೂ ನಿಮಗೆ ತಾಗಲ್ಲ. ಸಿಂಗಲ್ ವಾಲ್ ಹಗುರ, ಆದರೆ ಬೆಳಿಗ್ಗೆ ಗೋಡೆಗೆ ಒರಗಿದ ಸ್ಲೀಪಿಂಗ್ ಬ್ಯಾಗ್ ನೆಂದಿರುತ್ತೆ. ಎರಡರಲ್ಲೂ ಗಾಳಿ ಕಿಂಡಿ ತೆರೆದೇ ಇರಲಿ, ಮಳೆ ಬಂದರೂ.

ಟೆಂಟಿನಡಿ ಹಾಸುವ ಫುಟ್‌ಪ್ರಿಂಟ್ ಹಾಳೆ ಟೆಂಟಿನ ನೆಲಕ್ಕಿಂತ ಎಲ್ಲ ಬದಿಯಲ್ಲೂ ಒಂದೆರಡು ಇಂಚು ಚಿಕ್ಕದಿರಬೇಕು. ಅಂಚು ಹೊರಗೆ ಇಣುಕಿದರೆ ಹೊದಿಕೆಯಿಂದ ಇಳಿದ ನೀರನ್ನು ಅದೇ ಹಿಡಿದು ನಿಮ್ಮಡಿಗೆ ತರುತ್ತೆ. ಸಿಲಿಕಾನ್ ಲೇಪದ ನೈಲಾನ್ ನೆಂದರೆ ಹಿಗ್ಗಿ ಜೋಲುತ್ತೆ, ಮಲಗುವ ಮೊದಲು ಹಗ್ಗಗಳನ್ನು ಮತ್ತೊಮ್ಮೆ ಬಿಗಿ ಮಾಡಿ. ಪಾಲಿಯೆಸ್ಟರ್ ಅಷ್ಟು ಜೋಲಲ್ಲ. ಜಾಗದ ಆಯ್ಕೆ ಬಟ್ಟೆಯ ಆಯ್ಕೆಗಿಂತ ಮುಖ್ಯ: ಕಣಿವೆಯ ತಳದಲ್ಲಿ, ನೀರಿನ ಪಕ್ಕದಲ್ಲಿ ತಣ್ಣನೆಯ ಗಾಳಿ ಬಂದು ನಿಲ್ಲುತ್ತೆ, ಇಬ್ಬನಿಯೂ ಅಲ್ಲೇ ಹೆಚ್ಚು. ಇಳಿಜಾರಿನಲ್ಲಿ ಸ್ವಲ್ಪ ಮೇಲಿರುವ ತಟ್ಟು ಹುಡುಕಿ. ತಲೆಯೆತ್ತಿ ಒಣಕೊಂಬೆ ಇದೆಯಾ ಅಂತಲೂ ನೋಡಿ.

ಏರುಪೇರು

ಹೆಗಲಭಾರ ಅವರ ಲೆಕ್ಕ ಚೆನ್ನಾಗಿದೆ, ಆದರೆ ತೂಕ ಎಷ್ಟು ಅನ್ನೋದಕ್ಕಿಂತ ಎಲ್ಲಿ ಕೂತಿದೆ ಅನ್ನೋದನ್ನು ಮೊದಲು ಸರಿಮಾಡಿ ಅಂತೀನಿ. 10 ಕೆ.ಜಿ. ತಪ್ಪಾಗಿ ಹೊತ್ತರೆ 13 ಕೆ.ಜಿ. ಸರಿಯಾಗಿ ಹೊತ್ತಿದ್ದಕ್ಕಿಂತ ಕಷ್ಟ.

ಚೀಲದ ಅಳತೆ ನಿಮ್ಮ ಎತ್ತರಕ್ಕಲ್ಲ, ಮುಂಡದ ಉದ್ದಕ್ಕೆ. ತಲೆ ಬಗ್ಗಿಸಿದಾಗ ಕುತ್ತಿಗೆಯ ಬುಡದಲ್ಲಿ ಉಬ್ಬಿ ಸಿಗುವ ಮೂಳೆ (ಸಿ7) ಒಂದು ತುದಿ. ಸೊಂಟದ ಎರಡೂ ಬದಿ ಹೆಬ್ಬೆರಳು ಹಿಂದಕ್ಕೆ ಬರುವಂತೆ ಕೈಯಿಟ್ಟು, ಎಲುಬಿನ ಮೇಲಂಚಿನಲ್ಲಿ ಹೆಬ್ಬೆರಳುಗಳನ್ನು ಸೇರಿಸುವ ಗೆರೆ ಇನ್ನೊಂದು ತುದಿ. ಬೆನ್ನುಮೂಳೆಯ ಮೇಲೆ ಟೇಪ್ ಬಿಟ್ಟು ಇನ್ನೊಬ್ಬರ ಕೈಲಿ ಅಳೆಸಿ.

ಹಾಕಿಕೊಳ್ಳುವ ಕ್ರಮ: ಎಲ್ಲ ಪಟ್ಟಿ ಸಡಿಲ ಬಿಟ್ಟು ಹೊತ್ತುಕೊಳ್ಳಿ. ಮೊದಲು ಹಿಪ್ ಬೆಲ್ಟ್, ಅದರ ಮಧ್ಯಭಾಗ ಸೊಂಟದ ಎಲುಬಿನ ಮೇಲಂಚಿನ ಮೇಲೇ ಕೂರಬೇಕು. ಹೊಟ್ಟೆಯ ಮೇಲೆ ಕೂತರೆ ಉಸಿರು ಕಟ್ಟುತ್ತೆ, ಎಲುಬಿಗಿಂತ ಕೆಳಗೆ ಜಾರಿದರೆ ತೊಡೆ ಎತ್ತುವಾಗ ಒತ್ತುತ್ತೆ. ಆಮೇಲೆ ಭುಜದ ಪಟ್ಟಿ, ಭುಜಕ್ಕೆ ತಾಗುವಷ್ಟು ಮಾತ್ರ. ನಂತರ ಭುಜದ ಮೇಲಿಂದ ಚೀಲದ ತಲೆಗೆ ಹೋಗುವ ಲೋಡ್ ಲಿಫ್ಟರ್, ಸುಮಾರು 45 ಡಿಗ್ರಿ ಓರೆಯಾಗಿ ನಿಲ್ಲುವಂತೆ. ಕೊನೆಗೆ ಎದೆಪಟ್ಟಿ. ಭಾರದ ಬಹುಪಾಲು ಸೊಂಟಕ್ಕೆ ಬಂದಿದೆಯಾ ತಿಳಿಯಲು ಭುಜದ ಪಟ್ಟಿಯ ಕೆಳಗೆ ಎರಡು ಬೆರಳು ತೂರಿಸಿ ನೋಡಿ, ಸಲೀಸಾಗಿ ಹೋಗಬೇಕು.

ತುಂಬುವಾಗ ಮಲಗುವ ಸಾಮಾನು ತಳಕ್ಕೆ, ಊಟ ನೀರಿನಂಥ ಭಾರದ್ದು ಬೆನ್ನಿಗೆ ಅಂಟಿಕೊಂಡು ಭುಜದ ಎಲುಬುಗಳ ಮಟ್ಟದಲ್ಲಿ, ಹಗುರದ್ದು ಅದರಾಚೆ. ಭಾರ ಬೆನ್ನಿನಿಂದ ದೂರ ಹೋದಷ್ಟೂ ಹಿಂದಕ್ಕೆ ಎಳೆಯುತ್ತೆ. ಮೇಲೆ ಹಾಕುವ ಮಳೆಕವರ್ ಬೆನ್ನಿನ ಬದಿಯಿಂದ ಇಳಿಯುವ ನೀರನ್ನು ತಡೆಯಲ್ಲ. ಒಳಗೆ ದಪ್ಪನೆಯ ಪ್ಲಾಸ್ಟಿಕ್ ಚೀಲ ಹಾಕಿ ಅದರ ಬಾಯಿ ಹೊಸೆದು ಮಡಚಿಡೋದು ನಂಬಿಕೆಯ ದಾರಿ.

ದಿಕ್ಸೂಚಿ

ನಕ್ಷೆಯ ಪದಗಳನ್ನು ಯಾರೂ ಮುಟ್ಟಿಲ್ಲ. ಸಾಮಾನಿನ ಚರ್ಚೆಗೆ ಸಿಗುವ ಅರ್ಧದಷ್ಟು ಗಮನವೂ ಇದಕ್ಕೆ ಸಿಗದಿರುವುದು ಬೇಸರದ ವಿಷಯ.

1:50,000 ನಕ್ಷೆಯಲ್ಲಿ 2 ಸೆ.ಮೀ. ಎಂದರೆ ನೆಲದ ಮೇಲೆ 1 ಕಿ.ಮೀ. ಒಂದೇ ಎತ್ತರದ ಬಿಂದುಗಳನ್ನು ಜೋಡಿಸಿದ್ದು ಕಾಂಟೂರ್ ಗೆರೆ, ಪಕ್ಕದ ಎರಡು ಗೆರೆಗಳ ಎತ್ತರದ ಅಂತರ ಕಾಂಟೂರ್ ಇಂಟರ್ವಲ್. ಇಂಟರ್ವಲ್ 20 ಮೀಟರ್ ಇದ್ದರೆ 15 ಮೀಟರಿನ ಬಂಡೆಗೋಡೆ ನಕ್ಷೆಯಲ್ಲಿ ಕಾಣದೆ ಹೋಗಬಹುದು, ಇದನ್ನು ಮರೆಯಬೇಡಿ. ಗೆರೆಗಳು ಒತ್ತೊತ್ತಾಗಿದ್ದರೆ ಕಡಿದಾದ ಇಳಿಜಾರು. ಬಾಣದಂತೆ ಮಡಿಚಿದ ಗೆರೆಯ ಮೊನೆ ಎತ್ತರದ ಕಡೆಗೆ ಇದ್ದರೆ ಅದು ಕಣಿವೆ, ತಗ್ಗಿನ ಕಡೆಗಿದ್ದರೆ ಬೆಟ್ಟದ ಏಣು. ಎರಡು ಶಿಖರಗಳ ನಡುವಿನ ತಗ್ಗು ಸ್ಯಾಡಲ್.

ಸಮಯದ ಅಂದಾಜಿಗೆ ಸ್ಕಾಟ್ಲೆಂಡಿನ ಪರ್ವತಾರೋಹಿ ವಿಲಿಯಂ ನೇಯ್ಸ್ಮಿತ್ 1892ರಲ್ಲಿ ಕೊಟ್ಟ ಸೂತ್ರ ಇಂದಿಗೂ ಬಳಕೆಯಲ್ಲಿದೆ: 5 ಕಿ.ಮೀ.ಗೆ ಒಂದು ಗಂಟೆ, ಜೊತೆಗೆ ಪ್ರತಿ 600 ಮೀಟರ್ ಏರಿಗೆ ಇನ್ನೊಂದು ಗಂಟೆ. 12 ಕಿ.ಮೀ. ದೂರ, 900 ಮೀಟರ್ ಏರು ಇದ್ದರೆ 2 ಗಂಟೆ 24 ನಿಮಿಷ ಮತ್ತು 1 ಗಂಟೆ 30 ನಿಮಿಷ, ಒಟ್ಟು 3 ಗಂಟೆ 54 ನಿಮಿಷ. ಇದರಲ್ಲಿ ವಿಶ್ರಾಂತಿ ಇಲ್ಲ, ಭಾರದ ಚೀಲ ಇಲ್ಲ, ಕೆಟ್ಟ ದಾರಿಯೂ ಇಲ್ಲ. ರಾತ್ರಿಯ ಸಾಮಾನು ಹೊತ್ತವರು ಕಾಲು ಭಾಗದಿಂದ ಅರ್ಧದವರೆಗೆ ಸೇರಿಸಿಕೊಳ್ಳಬೇಕು. ಇಳಿಯುವಾಗ ಸೌಮ್ಯ ಇಳಿಜಾರಿಗೆ ಪ್ರತಿ 300 ಮೀಟರಿಗೆ 10 ನಿಮಿಷ ಕಳೆಯಿರಿ, 12 ಡಿಗ್ರಿಗಿಂತ ಕಡಿದಾಗಿದ್ದರೆ 10 ನಿಮಿಷ ಕೂಡಿಸಿ. ಗುಂಪಿನಲ್ಲಿ ಎಲ್ಲರಿಗಿಂತ ನಿಧಾನವಾದವರ ವೇಗವೇ ಲೆಕ್ಕದ ವೇಗ.

ಬೇರಿಂಗ್, ಅಂದರೆ ಉತ್ತರದಿಂದ ಗುರಿಯ ದಿಕ್ಕಿಗೆ ಇರುವ ಕೋನ, ತೆಗೆಯುವುದು: ದಿಕ್ಸೂಚಿಯ ಉದ್ದನೆಯ ಅಂಚನ್ನು ನಿಂತ ಜಾಗದಿಂದ ಹೋಗಬೇಕಾದ ಜಾಗಕ್ಕೆ ಹೊಂದಿಸಿ, ಪ್ರಯಾಣದ ಬಾಣ ಗುರಿಯ ಕಡೆಗಿರಲಿ. ಉಂಗುರ ತಿರುಗಿಸಿ ಒಳಗಿನ ಸಮಾನಾಂತರ ಗೆರೆಗಳನ್ನು ನಕ್ಷೆಯ ಉತ್ತರಕ್ಕೆ ಹೊಂದಿಸಿ. ಈಗ ಓದುವ ಡಿಗ್ರಿಗೆ ಡಿಕ್ಲಿನೇಷನ್ (ಭೌಗೋಳಿಕ ಉತ್ತರಕ್ಕೂ ಸೂಜಿ ತೋರುವ ಕಾಂತೀಯ ಉತ್ತರಕ್ಕೂ ನಡುವಿನ ಕೋನ) ಸರಿಪಡಿಸಿ: ಪೂರ್ವಕ್ಕಿದ್ದರೆ ಕಳೆಯಿರಿ, ಪಶ್ಚಿಮಕ್ಕಿದ್ದರೆ ಕೂಡಿಸಿ. ಆಮೇಲೆ ದಿಕ್ಸೂಚಿಯನ್ನು ಎದೆಯ ಮುಂದೆ ಮಟ್ಟವಾಗಿ ಹಿಡಿದು, ಸೂಜಿಯ ಕೆಂಪು ತುದಿ ಉಂಗುರದ ಬಾಣದೊಳಗೆ ಬರುವ ತನಕ ಇಡೀ ಮೈ ತಿರುಗಿಸಿ. 10 ಡಿಗ್ರಿ ಸರಿಪಡಿಸದೆ ಬಿಟ್ಟರೆ ಪ್ರತಿ ಕಿಲೋಮೀಟರಿಗೆ ಸುಮಾರು 175 ಮೀಟರ್ ಪಕ್ಕಕ್ಕೆ ಸರಿಯುತ್ತೀರಿ. ಮೊಬೈಲ್ ಫೋನನ್ನೂ ಆಯಸ್ಕಾಂತದ ಬಕಲನ್ನೂ ದೂರ ಇಡಿ.

ಎರಡನೇ ಪದರ

ದಿಕ್ಸೂಚಿಯವರೇ, ಒಂದು ತಿದ್ದುಪಡಿ. ಕೂಡಿಸುವ ಕಳೆಯುವ ನಿಯಮ ಸರಿ, ಆದರೆ ನಕ್ಷೆಯ ಚೌಕಗೆರೆಗೆ ಹೊಂದಿಸಿದಾಗ ಸಿಗೋದು ಗ್ರಿಡ್ ಉತ್ತರ, ಭೌಗೋಳಿಕ ಉತ್ತರ ಅಲ್ಲ. ಆಗ ಬಳಸಬೇಕಾದ್ದು ಗ್ರಿಡ್ ಮತ್ತು ಕಾಂತೀಯ ಉತ್ತರದ ನಡುವಿನ ಕೋನ, ಅದು ನಕ್ಷೆಯ ಅಂಚಿನಲ್ಲಿ ಬೇರೆಯಾಗಿಯೇ ಇರುತ್ತೆ. ಕಾಂತೀಯ ಉತ್ತರ ವರ್ಷವರ್ಷ ಸರಿಯೋದರಿಂದ ನಕ್ಷೆ ಅಚ್ಚಾದ ವರ್ಷ ನೋಡಿ ವಾರ್ಷಿಕ ಬದಲಾವಣೆಯನ್ನೂ ಸೇರಿಸಿ.

ದಿಕ್ಸೂಚಿ

ಒಪ್ಪಿದೆ, ಅದು ಹೇಳಲೇಬೇಕಾದ ಮಾತು. ಜೊತೆಗೆ ಮೂರು ಉಪಾಯಗಳ ಹೆಸರು ತಿಳಿದಿರಲಿ. ತೊರೆ, ಏಣು, ಬೇಲಿ ಹೀಗೆ ಉದ್ದಕ್ಕೂ ಪಕ್ಕದಲ್ಲೇ ಸಾಗುವ ಗುರುತು ಹ್ಯಾಂಡ್‌ರೇಲ್. "ಇದನ್ನು ದಾಟಿದರೆ ಗುರಿ ಮೀರಿ ಬಂದಿದ್ದೇವೆ" ಎಂದು ತಿಳಿಸುವ ಅಡ್ಡ ಗುರುತು ಕ್ಯಾಚಿಂಗ್ ಫೀಚರ್. ತೊರೆಯ ಮೇಲಿನ ಸೇತುವೆಗೆ ನೇರ ಗುರಿಯಿಡದೆ ಬೇಕೆಂದೇ ಅದರ ಎಡಕ್ಕೆ ಗುರಿಯಿಟ್ಟು, ತೊರೆ ಸಿಕ್ಕಾಗ ಬಲಕ್ಕೆ ತಿರುಗುವುದು ಏಮಿಂಗ್ ಆಫ್. ಸೇತುವೆಗೇ ಗುರಿಯಿಟ್ಟು ತಪ್ಪಿದರೆ ಯಾವ ಕಡೆ ತಪ್ಪಿದೆ ಎಂದೇ ತಿಳಿಯುವುದಿಲ್ಲ.

ಫೋನಿನ ಜಿಪಿಎಸ್‌ಗೆ ನೆಟ್‌ವರ್ಕ್ ಬೇಡ, ನಕ್ಷೆಯನ್ನು ಮೊದಲೇ ಇಳಿಸಿಕೊಂಡಿದ್ದರೆ ಏರೋಪ್ಲೇನ್ ಮೋಡಿನಲ್ಲೂ ನಡೆಯುತ್ತೆ. ಚಳಿಯಲ್ಲಿ ಬ್ಯಾಟರಿ ಬೇಗ ಕುಸಿಯುವುದರಿಂದ ಫೋನನ್ನು ಒಳಜೇಬಿನಲ್ಲಿಡಿ. 10,000 ಎಂಎಎಚ್ ಪವರ್ ಬ್ಯಾಂಕಿನ ಅಂಕಿ ಒಳಗಿನ 3.7 ವೋಲ್ಟಿನ ಸೆಲ್ಲಿನದು. 5 ವೋಲ್ಟಿಗೆ ಏರಿಸುವ ನಷ್ಟ ಕಳೆದು ಕೈಗೆ ಸಿಗುವುದು ಸುಮಾರು 6,000ದಿಂದ 6,500.

ಉಸಿರು

ಎತ್ತರದ ಬಗ್ಗೆ ಬರೆಯದಿದ್ದರೆ ಈ ಚರ್ಚೆ ಅಪೂರ್ಣ. ಏರು ಅಂದರೆ ಕಾಲಿನ ಲೆಕ್ಕ ಮಾತ್ರ ಅಲ್ಲ.

ಸುಮಾರು 2,500 ಮೀಟರ್ ದಾಟಿದ ಮೇಲೆ, ಹೊಸದಾಗಿ ಎತ್ತರಕ್ಕೆ ಬಂದವರಿಗೆ ತಲೆನೋವು, ಅದರ ಜೊತೆ ವಾಕರಿಕೆ, ಸುಸ್ತು, ತಲೆಸುತ್ತು ಇವುಗಳಲ್ಲಿ ಒಂದಾದರೂ ಕಂಡರೆ ಎಎಂಎಸ್, ಅಂದರೆ ತೀವ್ರ ಎತ್ತರದ ಕಾಯಿಲೆ ಅಂತಲೇ ತಿಳಿಯಿರಿ. "ಬಿಸಿಲಿಗೆ ತಲೆನೋವು" ಅಂತ ತಳ್ಳಿಹಾಕಬೇಡಿ. ದೇಹದಾರ್ಢ್ಯ ಚೆನ್ನಾಗಿದ್ದರೆ ಬರಲ್ಲ ಅನ್ನೋದು ಸುಳ್ಳು.

3,000 ಮೀಟರಿನ ಮೇಲೆ ಇಂದು ಮಲಗಿದ ಎತ್ತರಕ್ಕಿಂತ ನಾಳೆ ಮಲಗುವ ಎತ್ತರ 500 ಮೀಟರಿಗಿಂತ ಹೆಚ್ಚಿರಬಾರದು, ಮೂರು ನಾಲ್ಕು ದಿನಕ್ಕೊಮ್ಮೆ ಎತ್ತರ ಏರಿಸದ ದಿನ ಒಂದಿರಲಿ. ಹಗಲು ಇನ್ನೂ ಮೇಲೆ ಹೋಗಿ ಇಳಿದು ಬರಬಹುದು, ಲೆಕ್ಕಕ್ಕೆ ಬರೋದು ಮಲಗುವ ಎತ್ತರ. ಲಕ್ಷಣ ಇರುವಾಗ ಮೇಲೆ ಹೋಗಬಾರದು. ಎಎಂಎಸ್ ತಡೆಯಲು ಕೊಡುವ ಅಸೆಟಜೋಲಮೈಡ್ ಮಾತ್ರೆ ಹೊರಡುವ ಮೊದಲೇ ವೈದ್ಯರನ್ನು ಕೇಳಿ ತಗೊಳ್ಳುವಂಥದ್ದು, ಜೊತೆಗಾರರು ಕೊಟ್ಟರು ಅಂತ ನುಂಗುವಂಥದ್ದಲ್ಲ.

ಎರಡು ಸ್ಥಿತಿಗಳಲ್ಲಿ ಬೆಳಗಾಗಲಿ ಅಂತ ಕಾಯಲೇಬಾರದು. ಮೊದಲನೆಯದು ಮೆದುಳಿನ ಊತ: ಮಾತು ತೊದಲುತ್ತೆ, ಗೊಂದಲ ಇರುತ್ತೆ. ನೆಲದ ಮೇಲೆ ನೇರ ಗೆರೆ ಎಳೆದು, ಒಂದು ಪಾದದ ಹಿಮ್ಮಡಿಗೆ ಇನ್ನೊಂದರ ಹೆಬ್ಬೆರಳು ತಾಗುವಂತೆ ನಡೆಸಿ ನೋಡಿ, ತೂರಾಡಿದರೆ ಗಂಭೀರ. ಎರಡನೆಯದು ಶ್ವಾಸಕೋಶದಲ್ಲಿ ನೀರು: ಸುಮ್ಮನೆ ಕೂತಿದ್ದರೂ ಏದುಸಿರು, ಕೆಮ್ಮು, ತುಟಿ ನೀಲಿ. ಎರಡಕ್ಕೂ ಮೊದಲ ಚಿಕಿತ್ಸೆ ಇಳಿಯೋದು, ಲಕ್ಷಣ ತಗ್ಗುವ ತನಕ 300ರಿಂದ 1,000 ಮೀಟರ್, ಜೊತೆಗೊಬ್ಬರು ಇದ್ದೇ. ಆಮ್ಲಜನಕ ಇದ್ದರೆ ಕೊಡಿ. ಕಾಯಿಲೆಯವರನ್ನು ಒಬ್ಬರನ್ನೇ ಕೆಳಗೆ ಕಳಿಸಬೇಡಿ.

ಹೈಪೋಥರ್ಮಿಯಾ ಬೇರೆ. ದೇಹದ ಒಳತಾಪ 35 ಡಿಗ್ರಿಗಿಂತ ಇಳಿಯೋದು. ಹಿಮವೇ ಬೇಕಿಲ್ಲ, 8-10 ಡಿಗ್ರಿ ಇರುವಾಗ ಮಳೆ ಗಾಳಿ ಸೇರಿದರೂ ಸಾಕು. ಜಿಪ್ ಎಳೆಯಲು ಬರದಿರೋದು, ಎಡವೋದು, ಸಿಡಿಮಿಡಿ ಮೊದಲ ಸೂಚನೆ. ಜೋರಾಗಿ ನಡುಗುತ್ತಿದ್ದವರು ಬಿಸಿಯಾಗದೆಯೇ ನಡುಕ ನಿಲ್ಲಿಸಿದರೆ ಸ್ಥಿತಿ ಕೆಟ್ಟಿದೆ ಅಂತ ಅರ್ಥ.

ಕಾಲ್ದಾರಿ

ಇದನ್ನೆಲ್ಲ ಬರೆದಿಟ್ಟುಕೊಳ್ತಿದ್ದೇನೆ. ನೀರಿಗೆ 0.1 ಮೈಕ್ರಾನ್ ಫಿಲ್ಟರ್ ಒಂದಿದ್ದರೆ ಸಾಕಾ? ಗ್ಯಾಸ್ ಎಷ್ಟು ಹೊರಬೇಕು ಅನ್ನೋದನ್ನೂ ಹೇಳಿಬಿಡಿ.

ಕಿಡಿ

ಊರು, ಜಾನುವಾರು, ಜನ ಇರುವ ಕಡೆಯಿಂದ ಹರಿದುಬರುವ ನೀರಿಗೆ ಫಿಲ್ಟರ್ ಒಂದೇ ಸಾಲದು. 0.1 ಮೈಕ್ರಾನ್ ರಂಧ್ರ ಬ್ಯಾಕ್ಟೀರಿಯಾ, ಜಿಯಾರ್ಡಿಯಾ, ಕ್ರಿಪ್ಟೊಸ್ಪೊರಿಡಿಯಂ ಎಲ್ಲ ತಡೆಯುತ್ತೆ, ವೈರಸ್ ಅದಕ್ಕಿಂತ ಚಿಕ್ಕದು. ಕ್ಲೋರಿನ್ ಡೈಆಕ್ಸೈಡ್ ಮಾತ್ರೆ ಬ್ಯಾಕ್ಟೀರಿಯಾ, ವೈರಸ್ಸಿಗೆ ಅರ್ಧ ಗಂಟೆಯಲ್ಲಿ ಕೆಲಸ ಮಾಡುತ್ತೆ, ಕ್ರಿಪ್ಟೊಗೆ 4 ಗಂಟೆ ಬೇಕು. ಫಿಲ್ಟರ್ ಮಾಡಿ ಮಾತ್ರೆ ಹಾಕಿದರೆ ಒಂದರ ಕೊರತೆಯನ್ನು ಇನ್ನೊಂದು ತುಂಬುತ್ತೆ, ನಾಲ್ಕು ಗಂಟೆ ಕಾಯುವುದೂ ತಪ್ಪುತ್ತೆ. ಕುದಿಸಿದರೆ ಎಲ್ಲವೂ ಸಾಯುತ್ತೆ: ಕೊತಕೊತ ಕುದಿ ಬಂದ ಮೇಲೆ 1 ನಿಮಿಷ, 2,000 ಮೀಟರಿನ ಮೇಲೆ 3 ನಿಮಿಷ. ಯುವಿ ದೀಪ ಕದಡಿದ ನೀರಿಗೆ ಆಗಲ್ಲ, ಕಣದ ನೆರಳಿನಲ್ಲಿ ಸೂಕ್ಷ್ಮಾಣು ಉಳ್ಕೊಳ್ಳುತ್ತೆ. ಇವ್ಯಾವುವೂ ಕೀಟನಾಶಕ, ಲೋಹದಂಥ ರಾಸಾಯನಿಕ ತೆಗೆಯಲ್ಲ.

ಟೊಳ್ಳು ನಾರಿನ ಫಿಲ್ಟರ್ ಒಮ್ಮೆ ನೆಂದ ಮೇಲೆ ಹೆಪ್ಪುಗಟ್ಟಿದರೆ ಮುಗೀತು. ನಾರು ಸೀಳಿರುತ್ತೆ, ಹೊರಗಿಂದ ಏನೂ ಕಾಣಲ್ಲ, ನೀರಂತೂ ಮೊದಲಿಗಿಂತ ಸಲೀಸಾಗಿ ಬರುತ್ತೆ. ಚಳಿ ರಾತ್ರಿ ಅದನ್ನು ಜಿಪ್ ಕವರಿನಲ್ಲಿ ಹಾಕಿ ಸ್ಲೀಪಿಂಗ್ ಬ್ಯಾಗಿನೊಳಗೆ ಇಡಿ. ಕೊಳೆನೀರಿನ ಬಾಟಲಿ, ಶುದ್ಧ ನೀರಿನ ಬಾಟಲಿ ಬೇರೆ ಬೇರೆ ಇರಲಿ, ಮುಚ್ಚಳದ ತಿರುಪಿನಲ್ಲಿ ಉಳಿದ ಹನಿಗಳೇ ಕಾಯಿಲೆ ತರಬಲ್ಲವು.

ಈಗ ಗ್ಯಾಸ್. ಗಾಳಿಯಿಲ್ಲದ ಕಡೆ ಒಂದು ಲೀಟರ್ ಕುದಿಸಲು ಸಾಮಾನ್ಯ ಬರ್ನರಿಗೆ 12ರಿಂದ 15 ಗ್ರಾಂ ಬೇಕು. ಒಬ್ಬರಿಗೆ ದಿನಕ್ಕೆ ಒಂದೂವರೆ ಲೀಟರ್ ಬಿಸಿನೀರು ಅಂದ್ಕೊಂಡರೆ ಸುಮಾರು 20 ಗ್ರಾಂ, 100 ಗ್ರಾಂ ಕ್ಯಾನಿಸ್ಟರ್ ನಾಲ್ಕು ದಿನಕ್ಕೆ ಸರಿಹೋಗುತ್ತೆ. ಬರೀ ಕುದಿಸದೆ ಬೇಯಿಸುವವರಿಗೆ, ಹಿಮ ಕರಗಿಸುವವರಿಗೆ ಇದು ದುಪ್ಪಟ್ಟು. ಗಾಳಿ ಬೀಸಿದರೆ ಲೆಕ್ಕ ತಪ್ಪುತ್ತೆ, ಹಾಗಂತ ಬರ್ನರನ್ನೂ ಕ್ಯಾನಿಸ್ಟರನ್ನೂ ಸೇರಿಸಿ ಸುತ್ತ ತಗಡು ಮುಚ್ಚಬೇಡಿ. ಕ್ಯಾನಿಸ್ಟರ್ ಕಾದರೆ ಸಿಡಿಯಬಹುದು. ಗಾಳಿ ಬರುವ ಒಂದೇ ಬದಿಗೆ ತಡೆ ಇಡಿ, ಕ್ಯಾನಿಸ್ಟರ್ ಕೈಗೆ ಬಿಸಿಯೆನಿಸಿದರೆ ತಡೆ ತೆಗೆಯಿರಿ. ಮುಚ್ಚಿದ ಟೆಂಟಿನೊಳಗೆ ಉರಿಸಲೇಬೇಡಿ, ಕಾರ್ಬನ್ ಮೊನಾಕ್ಸೈಡಿಗೆ ವಾಸನೆ ಇಲ್ಲ.

ಚಳಿಯಲ್ಲಿ ಉರಿ ಕುಗ್ಗೋದಕ್ಕೆ ಕಾರಣ ಕುದಿಬಿಂದು. ಸಾಮಾನ್ಯ ಬ್ಯುಟೇನ್ -0.5 ಡಿಗ್ರಿಯಲ್ಲಿ, ಐಸೊಬ್ಯುಟೇನ್ -12ರ ಹತ್ತಿರ, ಪ್ರೊಪೇನ್ -42ರಲ್ಲಿ ಅನಿಲವಾಗುತ್ತೆ. ಮಿಶ್ರಣದಲ್ಲಿ ಪ್ರೊಪೇನ್ ಮೊದಲು ಖಾಲಿಯಾಗೋದರಿಂದ ಅರ್ಧ ಖಾಲಿ ಕ್ಯಾನಿಸ್ಟರ್ ಬೆಳಗಿನ ಚಳಿಗೆ ಸೊರಗುತ್ತೆ. ಕೊಳ್ಳುವಾಗ ಐಸೊಬ್ಯುಟೇನ್ ಇದೆಯಾ ಓದಿ. ಬಳಸುವಾಗ ಕ್ಯಾನಿಸ್ಟರನ್ನು ಕೈಗೆ ಉಗುರುಬೆಚ್ಚಗಿರುವ ನೀರಿನ ತಟ್ಟೆಯಲ್ಲಿ ನಿಲ್ಲಿಸಿ, ಕುದಿನೀರಿನಲ್ಲಿ ಬೇಡ.

ಏರುಪೇರು

ನೀರಿನ ಮಾತಿಗೆ ಸೇರಿಸಬೇಕಾದ್ದು. ಶೌಚಕ್ಕೆ ತೋಡುವ ಗುಂಡಿ ನೀರಿನಿಂದ, ದಾರಿಯಿಂದ, ಟೆಂಟಿನಿಂದ ಕನಿಷ್ಠ 60 ಮೀಟರ್ ದೂರ, ಅಂದರೆ ದೊಡ್ಡವರ 70-80 ಹೆಜ್ಜೆ. ಆಳ 15ರಿಂದ 20 ಸೆ.ಮೀ., ಕೊಳೆಸುವ ಜೀವಿಗಳು ಮೇಲ್ಮಣ್ಣಿನಲ್ಲಿರೋದರಿಂದ ಅದಕ್ಕಿಂತ ಆಳ ಬೇಡ. ಬಳಸಿದ ಕಾಗದವನ್ನು ಎರಡು ಪದರದ ಕವರಿನಲ್ಲಿ ವಾಪಸ್ ತನ್ನಿ. ಪಾತ್ರೆ ತೊಳೆಯೋದೂ ಅಷ್ಟೇ ದೂರದಲ್ಲಿ. "ಬಯೋಡಿಗ್ರೇಡಬಲ್" ಸೋಪು ಕೊಳೆಯೋದು ಮಣ್ಣಿನಲ್ಲಿ, ತೊರೆಗೆ ಅದೂ ವಿಷವೇ. ಹಿಮ ಅಥವಾ ಬರೀ ಕಲ್ಲು ಇರುವ ಎತ್ತರದಲ್ಲಿ ಹೂತದ್ದು ಕೊಳೆಯಲ್ಲ, ಅಲ್ಲಿ ಎಲ್ಲವನ್ನೂ ಹೊತ್ತು ತರಲೇಬೇಕು. ಆ ಕವರಿನ ತೂಕವನ್ನು ಬೇಸ್ ವೇಟ್ ಪಟ್ಟಿಯಲ್ಲಿ ಯಾರೂ ಬರೆದಿರಲ್ಲ, ಬರೆಯಿರಿ.

ಹೆಗಲಭಾರ

ಅದನ್ನು ಪಟ್ಟಿಗೆ ಸೇರಿಸಿದೆ. ತೂಕ ಇಳಿಸುವ ಭರದಲ್ಲಿ ಪ್ರಥಮ ಚಿಕಿತ್ಸೆ, ಹೆಡ್‌ಲ್ಯಾಂಪ್, ಮಳೆ ಜಾಕೆಟ್, ಸೀಟಿ, ಒಂದು ಹೊತ್ತಿನ ಹೆಚ್ಚುವರಿ ಊಟ ಇವುಗಳಿಗೆ ಕೈ ಹಾಕಬೇಡಿ. ಸೀಟಿ ಹತ್ತು ಗ್ರಾಂ ಕೂಡ ಇರಲ್ಲ. ಆಲ್ಪ್ಸ್ ಕಡೆಯ ಸಂಕಟ ಸಂಕೇತ ನಿಮಿಷಕ್ಕೆ 6 ಸಲ ಊದಿ ಒಂದು ನಿಮಿಷ ಬಿಡುವು, ಉತ್ತರವಾಗಿ ನಿಮಿಷಕ್ಕೆ 3. ಉತ್ತರ ಅಮೆರಿಕದಲ್ಲಿ ಮೂರು ಸಲ ಊದುವುದೇ ಸಹಾಯದ ಕರೆ. ಹೋಗುವ ಜಾಗದ ರೂಢಿ ತಿಳಿದು ಹೊರಡಿ.

ಕಾಲ್ದಾರಿ

ಕಿಡಿಯವರೇ, ಕೊನೆಗೊಂದು. ಬಳಸಿದ ಕ್ಯಾನಿಸ್ಟರಿನಲ್ಲಿ ಎಷ್ಟು ಗ್ಯಾಸ್ ಉಳಿದಿದೆ ಅಂತ ತಿಳಿಯೋದು ಹೇಗೆ? ಅಲ್ಲಾಡಿಸಿ ನೋಡಿದರೆ ಏನೂ ಗೊತ್ತಾಗಲ್ಲ.

ಕಿಡಿ

ಹೊಸದನ್ನು ತಂದ ಕೂಡಲೇ ಅಡುಗೆಮನೆ ತಕ್ಕಡಿಯಲ್ಲಿ ತೂಗಿ. ಅದರಿಂದ ಒಳಗಿನ ಗ್ಯಾಸಿನ ತೂಕ (ಡಬ್ಬದ ಮೇಲೆ ಅಚ್ಚಾಗಿರುತ್ತೆ) ಕಳೆದರೆ ಖಾಲಿ ಡಬ್ಬದ ತೂಕ ಸಿಗುತ್ತೆ. ಅದನ್ನು ಮಾರ್ಕರ್ ಪೆನ್ನಿನಲ್ಲಿ ತಳದ ಮೇಲೆ ಬರೆದಿಡಿ. ಪ್ರತಿ ಚಾರಣದ ನಂತರ ತೂಗಿ ಆ ಅಂಕಿ ಕಳೆದರೆ ಉಳಿದದ್ದು ಗ್ರಾಂ ಲೆಕ್ಕದಲ್ಲಿ ಸಿಕ್ಕಿತು. ದಾರಿಯಲ್ಲಿ ತಕ್ಕಡಿ ಇಲ್ಲದಾಗ ಬರ್ನರ್ ಬಿಚ್ಚಿ ಕ್ಯಾನಿಸ್ಟರನ್ನು ನೀರು ತುಂಬಿದ ಪಾತ್ರೆಯಲ್ಲಿ ತೇಲಿಬಿಡಿ. ತುಂಬಿದ್ದು ಆಳಕ್ಕೆ ಮುಳುಗಿ ತೇಲುತ್ತೆ, ಖಾಲಿಯಾದಷ್ಟೂ ಮೇಲೇಳುತ್ತೆ. ಕೆಲವು ಡಬ್ಬಗಳ ಪಕ್ಕದಲ್ಲಿ ಇದಕ್ಕೆಂದೇ ಗೆರೆ ಅಚ್ಚು ಹಾಕಿರುತ್ತಾರೆ. ಗೆರೆ ಇಲ್ಲದಿದ್ದರೆ ಹೊಸದಿದ್ದಾಗಲೇ ಒಮ್ಮೆ ತೇಲಿಸಿ ನೀರಿನ ಮಟ್ಟಕ್ಕೆ ಗುರುತು ಮಾಡಿ, ಪೂರ್ತಿ ಖಾಲಿಯಾದ ಅದೇ ಬಗೆಯ ಇನ್ನೊಂದರ ಮಟ್ಟವನ್ನೂ ಅದರ ಮೇಲೆ ಗುರುತು ಮಾಡ್ಕೊಳ್ಳಿ. ತೇಲಿಸುವಾಗ ತಳದ ಗುಳಿಯಲ್ಲಿ ಗಾಳಿ ಸಿಕ್ಕಿಕೊಂಡಿದ್ದರೆ ಮಟ್ಟ ತಪ್ಪು ತೋರಿಸುತ್ತೆ, ಓರೆಯಾಗಿ ಮುಳುಗಿಸಿ ಗಾಳಿಗುಳ್ಳೆ ಬಿಟ್ಟ ಮೇಲೆ ಓದಿ.